ನಿಮಗಿದು ಗೊತ್ತೇ? ದುರ್ಗದ ಸೀಮೆಯ ಮನೆವಾರ್ತೆ

ಭರಮಸಾಗರವನ್ನು ಬಹಳ ಜನ ಬಸ್ಸಿನ ಕಿಟಕಿಯಿಂದಷ್ಟೇ ನೋಡಿರುತ್ತಾರೆ. ಚಿತ್ರದುರ್ಗ ಬಿಟ್ಟು ದಾವಣಗೆರೆಯ ಕಡೆ ಹೊರಟರೆ ಹೆದ್ದಾರಿ 48ರಲ್ಲಿ ಸಿಗುವ ಊರು ಇದು. ಇದರ ಹೆಸರಿನೊಳಗೆ ಒಬ್ಬ ಪಾಳೆಯಗಾರನೂ ಒಂದು ಕೆರೆಯೂ ಇರುವುದು ಗೊತ್ತೇ? 1689ರಿಂದ 1721ರವರೆಗೆ ಚಿತ್ರದುರ್ಗವನ್ನು ಆಳಿದ ಭರಮಣ್ಣ ನಾಯಕ ಕೆರೆ, ಗುಡಿಗಳನ್ನು ಕಟ್ಟಿಸುವುದರಲ್ಲಿ ಹೆಸರಾದವನು. ಅವನು ಹೋಗಿ ಮುನ್ನೂರು ವರ್ಷವಾದರೂ ಊರು ಅವನ ಹೆಸರನ್ನೇ ಹೊತ್ತಿದೆ.

ಮಳೆ ನಂಬಿಕೊಂಡ ಆ ದೊಡ್ಡ ಕೆರೆ ಎಷ್ಟೋ ಬೇಸಿಗೆ ಬರಿದಾಗಿಯೇ ಬಿದ್ದಿರುತ್ತಿತ್ತು. 2021ರಲ್ಲಿ ಹರಿಹರದ ಕಡೆಯಿಂದ ತುಂಗಭದ್ರೆಯ ನೀರು ಪೈಪಿನಲ್ಲಿ ಬಂದು ಅದಕ್ಕೆ ಬಿತ್ತು.

ಕೆರೆ ತುಂಬಿದಾಗ ಕೊಡುವ ಬಾಗಿನದಲ್ಲಿ ಏನೇನಿರುತ್ತದೆ, ಗಮನಿಸಿದ್ದೀರಾ? ಎರಡು ಮೊರ, ಒಂದರ ಮೇಲೊಂದು ಮುಚ್ಚಿದ್ದು. ಒಳಗೆ ಅರಿಶಿನ, ಕುಂಕುಮ, ಗಾಜಿನ ಬಳೆ, ಬಿಚ್ಚೋಲೆ, ಕರಿಮಣಿ, ಕನ್ನಡಿ, ಬಾಚಣಿಗೆ, ರವಿಕೆ ಕಣ, ಬೇಳೆ, ಬೆಲ್ಲ, ಕಾಯಿ. ತವರಿಗೆ ಬಂದ ಮಗಳನ್ನು ಗಂಡನ ಮನೆಗೆ ಕಳಿಸುವಾಗ ಉಡಿ ತುಂಬುವ ಸಾಮಾನೇ ಹೆಚ್ಚುಕಡಿಮೆ ಇದು. ದುರ್ಗದ ಸೀಮೆಯಲ್ಲಿ ಸಂಸಾರದ ಲೆಕ್ಕಕ್ಕೆ ಮನುಷ್ಯರಷ್ಟೇ ಬರುವುದಿಲ್ಲ. ಕೆರೆ, ದನ, ಚಂದ್ರ, ಊರಮ್ಮ, ತೀರಿಕೊಂಡ ಹಿರಿಯರು ಎಲ್ಲರಿಗೂ ಒಂದೊಂದು ನಂಟು ಗೊತ್ತು ಮಾಡಿಟ್ಟಿದ್ದಾರೆ. ಇಲ್ಲಿಯ ಹಬ್ಬಹುಣ್ಣಿಮೆಗಳನ್ನು ನೋಡಿದಷ್ಟೂ ಈ ಮಾತು ಗಟ್ಟಿಯಾಗುತ್ತದೆ.

ಹಿರಿಯೂರಿನ ಮಾರಿಕಣಿವೆಗೆ ವಾಣಿ ವಿಲಾಸ ಸಾಗರ ಎಂಬ ಹೆಸರು ಬಂದದ್ದು ಒಬ್ಬ ತಾಯಿಯಿಂದ. ಗಂಡ ತೀರಿಕೊಂಡಾಗ ಮಗನಿಗೆ ಆಳುವ ವಯಸ್ಸು ಬಂದಿರಲಿಲ್ಲ. ಮಗನ ಪರವಾಗಿ ಮೈಸೂರು ಆಳಿದ ಮಹಾರಾಣಿ ಕೆಂಪನಂಜಮ್ಮಣ್ಣಿ ವಾಣಿ ವಿಲಾಸ ಸನ್ನಿಧಾನದವರ ಕಾಲದಲ್ಲಿ, 1898ರಲ್ಲಿ, ವೇದಾವತಿಗೆ ಕಟ್ಟೆ ಹಾಕುವ ಕೆಲಸ ಶುರುವಾಯಿತು. ಮುಗಿದದ್ದು 1907ರಲ್ಲಿ, ಮಗ ನಾಲ್ವಡಿ ಕೃಷ್ಣರಾಜ ಒಡೆಯರ ಆಳ್ವಿಕೆಯಲ್ಲಿ.

ಅದೇ ಜಲಾಶಯ 1933ರಲ್ಲಿ ಕೋಡಿ ಬಿದ್ದದ್ದು ಬಿಟ್ಟರೆ ಮತ್ತೆ ಕೋಡಿ ಹರಿದದ್ದು 2022ರಲ್ಲಿ. ನಡುವೆ 89 ವರ್ಷ! ಅಜ್ಜಿಯರ ಬಾಯಲ್ಲಿ ಮಾತ್ರ ಕೇಳಿದ್ದನ್ನು ಮೊಮ್ಮಕ್ಕಳು ಕಣ್ಣಾರೆ ಕಂಡರು. ಮನೆಮಂದಿಯನ್ನೆಲ್ಲ ಟ್ರ್ಯಾಕ್ಟರಿಗೆ ಹತ್ತಿಸಿಕೊಂಡು ಬುತ್ತಿ ಕಟ್ಟಿಕೊಂಡು ಜನ ನೋಡಲು ಹೋದರು.

ಚಿತ್ರದುರ್ಗದ ಕೋಟೆಯೊಳಗೆ ಅಕ್ಕ-ತಂಗಿಯರ ಹೊಂಡ ಇದೆ. ಮೇಲಿನ ಗೋಪಾಲಸ್ವಾಮಿ ಹೊಂಡ ತುಂಬಿದರೆ ನೀರು ಇವಕ್ಕೆ, ಇವು ತುಂಬಿದರೆ ಸಿಹಿನೀರು ಹೊಂಡಕ್ಕೆ, ಅಲ್ಲಿಂದ ಊರೊಳಗಿನ ಸಂತೆಹೊಂಡಕ್ಕೆ. ಬಂಡೆಯ ಮೇಲೆ ಬಿದ್ದ ಹನಿ ಒಂದೂ ಪೋಲಾಗದ ಏರ್ಪಾಡು. ವರ್ಷಕ್ಕೆ ಅರುನೂರು ಮಿಲಿಮೀಟರಿನ ಆಸುಪಾಸು ಮಳೆ ಬೀಳುವ ನಾಡಿನಲ್ಲಿ ಇಷ್ಟು ದೊಡ್ಡ ಕೋಟೆ ಬಾಳಿದ್ದು ಹೀಗೆ.

ಅಕ್ಕ-ತಂಗಿ ಎಂದಾಗ ಇನ್ನೊಂದನ್ನು ಹೇಳಲೇಬೇಕು. ಚಿತ್ರದುರ್ಗದಲ್ಲಿ ಬೇಸಿಗೆಯ ಒಂದು ರಾತ್ರಿ ರಾಜಬೀದಿಯಲ್ಲಿ ಇಬ್ಬರು ದೇವತೆಯರು ಭೇಟಿಯಾಗುತ್ತಾರೆ, ಬರಗೇರಮ್ಮ ಮತ್ತು ತಿಪ್ಪಿನಘಟ್ಟಮ್ಮ. ಇಬ್ಬರೂ ಅಕ್ಕತಂಗಿಯರೆಂದೂ, ಅಗಲಿದವರು ವರ್ಷಕ್ಕೊಮ್ಮೆ ಮಾತ್ರ ಮುಖ ನೋಡುತ್ತಾರೆಂದೂ ನಂಬಿಕೆ. ಭೇಟಿಯ ಆ ಗಳಿಗೆಗಾಗಿ ಜನ ಮಾಳಿಗೆಗಳ ಮೇಲೆಲ್ಲ ತುಂಬಿರುತ್ತಾರೆ. ದೂರದೂರಿಗೆ ಕೊಟ್ಟ ಹೆಣ್ಣುಮಕ್ಕಳು ಈ ಭೇಟಿಗೆಂದೇ ತವರಿಗೆ ಬರುತ್ತಾರೆ. ತಂಗಿಯನ್ನು ನೋಡಿ ವರ್ಷವಾದ ಅಕ್ಕಂದಿರು ಆ ಜನಸಂದಣಿಯಲ್ಲೂ ಎಷ್ಟು ಮಂದಿಯೋ. ದೇವರಿಗೂ ತವರಿನ ಹಂಬಲ ಉಂಟೆಂದು ಒಪ್ಪಿಕೊಂಡ ಊರು ಇದು.

ಮಳೆ ತಡವಾದರೆ ಇಲ್ಲಿ ಚಂದ್ರನನ್ನು ಕರೆಯುತ್ತಾರೆ. ಅವನು ಮಾಮ, ತಿಂಗಳ ಮಾಮ. ಬೆಳದಿಂಗಳ ರಾತ್ರಿಗಳಲ್ಲಿ ಅಂಗಳದಲ್ಲಿ ಅವನ ರಂಗೋಲಿ ಬರೆದು, ಆಕಾಶದಲ್ಲಿ ಅವನು ದಿನದಿನಕ್ಕೆ ಬೆಳೆದಂತೆ ನೆಲದ ಮೇಲೂ ಬೆಳೆಸುತ್ತ ಹೋಗುತ್ತಾರೆ. ಮನೆಮನೆಯಿಂದ ತಂದ ಅಡುಗೆಯನ್ನು ಎಲ್ಲರೂ ಕಲೆತು ಕೂತು ಉಣ್ಣುತ್ತಾರೆ. ಸೋದರಮಾವನ ಮುಂದೆ ಬೇಡಿಕೆ ಇಡುವ ಹಕ್ಕು ಮಕ್ಕಳಿಗಿದೆಯಲ್ಲ, ಅದೇ ಹಕ್ಕು ಇಲ್ಲಿಯೂ.

ಮಳೆರಾಯನನ್ನು ಮಣ್ಣಿನಲ್ಲಿ ಮಾಡಿ, ಮಣೆಯ ಮೇಲಿಟ್ಟು, ಹುಡುಗನ ತಲೆಯ ಮೇಲೆ ಹೊರಿಸುತ್ತಾರೆ. ಪ್ರತಿ ಮನೆಯಾಕೆಯೂ ಒಂದು ಕೊಡ ನೀರು ಸುರಿಯುತ್ತಾಳೆ. ನೀರಿಗೆ ಬರವಿರುವ ದಿನಗಳಲ್ಲೇ ಈ ಕೊಡ ಖಾಲಿಯಾಗುವುದು ಎಂಬುದನ್ನು ನೆನಪಿಡಿ.

ಮುದ್ದೆ ಮತ್ತು ರೊಟ್ಟಿಯ ಗಡಿ ಎಲ್ಲಿದೆ ಗೊತ್ತೇ? ಸರಿಸುಮಾರು ಇಲ್ಲೇ. ಹಿರಿಯೂರು, ಹೊಸದುರ್ಗದ ಕಡೆ ರಾಗಿ ಮುದ್ದೆಯ ಕೈ ಮೇಲು. ಭರಮಸಾಗರ ದಾಟಿ ಜಗಳೂರು, ದಾವಣಗೆರೆಯ ದಿಕ್ಕಿಗೆ ಹೋದಂತೆ ಜೋಳದ ರೊಟ್ಟಿ ಬಡಿಯುವ ಸದ್ದು ಜೋರಾಗುತ್ತದೆ. ನಡುವಿನ ಊರುಗಳಲ್ಲಿ ಮಧ್ಯಾಹ್ನ ಮುದ್ದೆ, ರಾತ್ರಿ ರೊಟ್ಟಿ. ಮುದ್ದೆಯ ಸೀಮೆಯಿಂದ ಬಂದ ಸೊಸೆ ಅಂಗೈಯಲ್ಲಿ ರೊಟ್ಟಿ ತಟ್ಟುವುದನ್ನು ಅತ್ತೆಯಿಂದ ಕಲಿಯಬೇಕು. ಹರಿಯದಂತೆ ಹೆಂಚಿಗೆ ಹಾಕಿದ ದಿನ ಆಕೆ ಆ ಮನೆಯವಳಾದಳು ಅನ್ನುತ್ತಾರೆ.

ಹೊಸದುರ್ಗದ ಹೊಲಗಳು ಸಾವೆಗೆ ಹೆಸರುವಾಸಿ. ಸಿರಿಧಾನ್ಯ ಎಂಬ ಹೊಸ ಹೆಸರು ಹುಟ್ಟಿ ಅದು ಪೇಟೆಯ ಅಂಗಡಿ ಸೇರುವುದಕ್ಕೆ ಎಷ್ಟೋ ಮುಂಚೆ ಇಲ್ಲಿಯ ಮನೆಗಳಲ್ಲಿ ಸಾವಕ್ಕಿ ಅನ್ನ ಬೇಯುತ್ತಿತ್ತು.

ಹಗೇವು ನೋಡಿದ್ದೀರಾ? ಮನೆಯ ಅಂಗಳದಲ್ಲೋ ಊರ ಬಯಲಲ್ಲೋ ನೆಲದೊಳಗೆ ತೋಡಿದ ಕಾಳಿನ ಗುಂಡಿ. ಬಾಯಿ ಒಬ್ಬ ಮನುಷ್ಯ ಇಳಿಯುವಷ್ಟು, ಒಳಗೆ ಹೊಟ್ಟೆ ದೊಡ್ಡದು. ಗೋಡೆಗೆ ಹುಲ್ಲು ಒತ್ತಿ, ಜೋಳವನ್ನೋ ರಾಗಿಯನ್ನೋ ತುಂಬಿ, ಕಲ್ಲು ಚಪ್ಪಡಿ ಮುಚ್ಚಿ ಮಣ್ಣು ಮೆತ್ತಿಬಿಟ್ಟರೆ ಬರದ ವರ್ಷದವರೆಗೆ ಅದರ ತಂಟೆಗೆ ಹೋಗುತ್ತಿರಲಿಲ್ಲ. ತೆಗೆಯುವ ದಿನ ಮನೆಯ ಹಿರಿಯರು ಮಕ್ಕಳನ್ನು ದೂರ ನಿಲ್ಲಿಸುತ್ತಿದ್ದರು. ಬಾಯಿ ತೆರೆದು, ಗಾಳಿಯಾಡಲು ಬಿಟ್ಟು, ಹಗ್ಗಕ್ಕೆ ದೀಪ ಕಟ್ಟಿ ಇಳಿಬಿಡುತ್ತಿದ್ದರು. ದೀಪ ಉರಿದರೆ ಆಳು ಇಳಿಯಬಹುದು, ಆರಿದರೆ ಇಳಿಯಬಾರದು. ಮುಚ್ಚಿಟ್ಟ ಕಾಳೂ ಉಸಿರಾಡುತ್ತದೆ. ಒಳಗಿನ ಆಮ್ಲಜನಕವನ್ನು ತಿಂದು ಇಂಗಾಲದ ಡೈ ಆಕ್ಸೈಡ್ ಬಿಡುತ್ತದೆ. ಆ ಗಾಳಿ ಭಾರವಾದ್ದರಿಂದ ತಳದಲ್ಲೇ ನಿಲ್ಲುತ್ತದೆ. ಹುಳುವನ್ನು ಕೊಂದು ಕಾಳನ್ನು ಉಳಿಸಿದ ಆ ಗಾಳಿಯೇ ಅವಸರಪಟ್ಟು ಇಳಿದವನ ಪ್ರಾಣವನ್ನೂ ತೆಗೆಯಬಲ್ಲದು. ಶಾಲೆಯ ಮೆಟ್ಟಿಲು ಹತ್ತದ ಅಜ್ಜಂದಿರು ದೀಪದಿಂದ ಇದನ್ನು ಅಳೆಯುತ್ತಿದ್ದರು.

ಕಣದಲ್ಲಿ ರಾಶಿ ಅಳೆಯುವಾಗ ಮೊದಲ ಕೊಳಗಕ್ಕೆ ಒಂದು ಎನ್ನುವುದಿಲ್ಲ. ಲಾಭ ಎನ್ನುತ್ತಾರೆ, ಆಮೇಲೆ ಎರಡು, ಮೂರು. ಅಳತೆ ಮುಗಿಯುವ ತನಕ ಬೇರೆ ಮಾತಿಲ್ಲ.

ಈದ ಆಕಳ ಗಿಣ್ಣದ ಹಾಲನ್ನು ಮಾರುವುದಿಲ್ಲ. ನೆರೆಮನೆಗಳಿಗೆ ಹಂಚುತ್ತಾರೆ. ಗಿಣ್ಣ ಬಂದ ಪಾತ್ರೆಯನ್ನು ಬರಿದಾಗಿ ಹಿಂದಿರುಗಿಸುವುದೂ ಇಲ್ಲ. ಒಂದು ಹಿಡಿ ಅಕ್ಕಿಯೋ ಚೂರು ಬೆಲ್ಲವೋ ಇರಲೇಬೇಕು.

ಮದುವೆ ಮನೆಯಲ್ಲಿ ಚಪ್ಪರದ ಮೂಲೆಗೆ ಒಬ್ಬರು ನೋಟ್‌ಬುಕ್ ಹಿಡಿದು ಕೂತಿರುತ್ತಾರಲ್ಲ, ಅದು ಮುಯ್ಯಿಯ ಲೆಕ್ಕ. ಯಾರು ಎಷ್ಟು ಓದಿಸಿದರು, ಯಾರು ಸೀರೆ ತಂದರು, ಯಾರು ಪಾತ್ರೆ ಕೊಟ್ಟರು ಎಲ್ಲವೂ ಅದರಲ್ಲಿದೆ. ಹಳೆಯ ಮನೆಗಳ ಟ್ರಂಕಿನಲ್ಲಿ ಆಸ್ತಿ ಪತ್ರದ ಜೊತೆಗೇ ಈ ಪುಸ್ತಕಗಳನ್ನೂ ಜೋಪಾನ ಮಾಡಿರುತ್ತಾರೆ. ಮುಂದೆ ಅವರ ಮನೆಯ ಮದುವೆಗೆ ಹೋಗುವ ಹಿಂದಿನ ರಾತ್ರಿ ಪುಟ ತಿರುವಿ ನೋಡಿ, ಅವರು ಕೊಟ್ಟದ್ದಕ್ಕಿಂತ ತುಸು ಹೆಚ್ಚು ಸೇರಿಸಿ ಓದಿಸಬೇಕು. ಸರಿಯಾಗಿ ಅಷ್ಟೇ ಕೊಟ್ಟರೆ ಲೆಕ್ಕ ಚುಕ್ತಾ ಆದಂತೆ, ನಂಟು ಮುಗಿದಂತೆ. ಹೆಚ್ಚು ಕೊಟ್ಟರೆ ಅವರ ಕಡೆ ಬಾಕಿ ಉಳಿಯುತ್ತದೆ, ಬಾಕಿ ಇರುವ ತನಕ ಹೋಗಿಬರುವುದೂ ಇರುತ್ತದೆ. ಬ್ಯಾಂಕಿನ ಮುಖ ಕಾಣದ ಕುಟುಂಬಗಳಿಗೆ ಹೆಣ್ಣು ಮಗಳ ಮದುವೆಯ ಖರ್ಚಿನಲ್ಲಿ ಒಂದು ಪಾಲು ಹುಟ್ಟುತ್ತಿದ್ದದ್ದೇ ಹೀಗೆ.

ಕೈಕೆಲಸಕ್ಕೂ ಮುಯ್ಯಿ ಉಂಟು. ಬೇಸಿಗೆಯ ಬಿಸಿಲಿಗೆ ಶಾವಿಗೆ, ಹಪ್ಪಳ, ಸಂಡಿಗೆ ಮಾಡುವಾಗ ಇಂದು ನಿಮ್ಮ ಮಾಳಿಗೆ, ನಾಳೆ ನಮ್ಮ ಮಾಳಿಗೆ. ಕೂಲಿ ಮಾತೇ ಇಲ್ಲ.

ಮದುವೆಯ ಅರಿಶಿನ ಕುಟ್ಟುವ ಶಾಸ್ತ್ರದಲ್ಲಿ ಒನಕೆಗೆ ಪೂಜೆ ಮಾಡಿ, ಐವರು ಮುತ್ತೈದೆಯರು ಕೈ ಹಾಕಿ ಕುಟ್ಟುತ್ತಾರೆ. ಅದೇ ಒನಕೆ ಚಿತ್ರದುರ್ಗದ ಇತಿಹಾಸವನ್ನೂ ಹೊತ್ತಿದೆ. ಹೈದರಾಲಿಯ ಸೈನಿಕರು ಕಿಂಡಿಯಿಂದ ನುಸುಳುತ್ತಿದ್ದಾಗ ಕಾವಲಿನವ ಮನೆಯಲ್ಲಿ ಊಟಕ್ಕೆ ಕೂತಿದ್ದ, ಹೆಂಡತಿ ಓಬವ್ವ ನೀರು ತರಲು ಹೋದವಳು ಸದ್ದು ಕೇಳಿದಳು ಎಂಬುದು ನಾಡಿಗೆಲ್ಲ ಗೊತ್ತಿರುವ ಕಥೆ. ಗಂಡನ ಊಟ ಕೆಡಿಸಬಾರದೆಂದು ಅಡುಗೆಮನೆಯ ಒನಕೆಯನ್ನೇ ಎತ್ತಿಕೊಂಡಳು ಎನ್ನುತ್ತಾರೆ. ಕೋಟೆ ಕೊನೆಗೆ ಬಿದ್ದದ್ದು 1779ರಲ್ಲಿ. 1972ರ ‘ನಾಗರಹಾವು’ ಚಿತ್ರದಲ್ಲಿ ಜಯಂತಿ ಓಬವ್ವನಾಗಿ ಕಂಡ ಮೇಲೆ ಕರ್ನಾಟಕದ ಮೂಲೆಮೂಲೆಯ ಮಕ್ಕಳಿಗೂ ಆಕೆ ಪರಿಚಿತಳಾದಳು. 2021ರಿಂದ ನವೆಂಬರ್ 11ರಂದು ಸರ್ಕಾರವೇ ಓಬವ್ವನ ಜಯಂತಿ ಆಚರಿಸುತ್ತಿದೆ. ಸೌಟು, ಒನಕೆ ಹಿಡಿದ ಕೈಗಳಿಗೆ ಇತಿಹಾಸದಲ್ಲಿ ಜಾಗ ಸಿಕ್ಕಿದ್ದು ಕಡಿಮೆ. ಆದ್ದರಿಂದ ಈ ಜಯಂತಿಯ ಬಗ್ಗೆ ನನಗೆ ವಿಶೇಷ ಗೌರವ.

ತಿಪ್ಪೇಸ್ವಾಮಿ, ತಿಪ್ಪಮ್ಮ, ಓಬಳೇಶ, ಓಬಣ್ಣ, ಬೋರಯ್ಯ, ಪಾಲಯ್ಯ, ಭರಮಪ್ಪ, ಮಾರಕ್ಕ. ಹಾಜರಿ ಪುಸ್ತಕದಲ್ಲಿ ಇಂಥ ಹೆಸರು ಸಾಲಾಗಿ ಕಂಡರೆ ಅದು ದುರ್ಗದ ಜಿಲ್ಲೆಯ ಶಾಲೆ ಎಂದು ಧೈರ್ಯವಾಗಿ ಹೇಳಬಹುದು. ಮನೆದೇವರ ಹೆಸರನ್ನು ಮೊದಲ ಮಗುವಿಗೆ ಇಡುವುದು ಇಲ್ಲಿ ಹರಕೆಯಷ್ಟೇ ಗಟ್ಟಿ. ಈಗ ಶಾಲೆಗೊಂದು ಹೆಸರು, ಮನೆಗೊಂದು ಹೆಸರು ಬಂದಿದೆ. ಅಜ್ಜಿ ಕೂಗುವುದು ಮನೆದೇವರ ಹೆಸರನ್ನೇ.

ತೊಟ್ಟಿಲ ದಿನ ಹೆಸರನ್ನು ಮೊದಲು ಹೇಳುವುದು ಮಗುವಿನ ಕಿವಿಗೆ, ಅದೂ ಸೋದರತ್ತೆ. ಹೇಳಿ ಮುಗಿಸುವಷ್ಟರಲ್ಲಿ ಸುತ್ತ ನಿಂತ ಹೆಂಗಸರಿಂದ ಆಕೆಯ ಬೆನ್ನಿಗೆ ಗುದ್ದು! ಜವಳದ ದಿನ ಮೊದಲ ಕೂದಲು ಕತ್ತರಿಸುವ ಹಕ್ಕು ಸೋದರಮಾವನದು. ತಂದೆಯ ಕಡೆಗೆ ಹೆಸರು, ತಾಯಿಯ ಕಡೆಗೆ ಕೂದಲು. ಪಾಲು ಸರಿಯಾಯಿತು.

ಎಷ್ಟೋ ಮಕ್ಕಳ ಜವಳ ತೆಗೆಸುವುದು ಚಳ್ಳಕೆರೆ ತಾಲ್ಲೂಕಿನ ನಾಯಕನಹಟ್ಟಿಯಲ್ಲಿ. ಅಲ್ಲಿಯ ತಿಪ್ಪೇರುದ್ರಸ್ವಾಮಿ ‘ಮಾಡಿದಷ್ಟು ನೀಡು ಭಿಕ್ಷೆ’ ಎಂದ ಸಂತ, ಕೆರೆಗಳನ್ನು ಕಟ್ಟಿಸಿದವನೆಂದು ಜನ ಇಂದಿಗೂ ಕೊಂಡಾಡುತ್ತಾರೆ. ಜಾತ್ರೆಯಲ್ಲಿ ಒಣಕೊಬ್ಬರಿಯನ್ನು ಬೆಂಕಿಗೆ ಹಾಕಿ ಸುಡುವುದು ಅಲ್ಲಿಯ ಹರಕೆ.

ಹೊಸದುರ್ಗ ತಾಲ್ಲೂಕಿನ ಹಾಲುರಾಮೇಶ್ವರಕ್ಕೆ ಮಕ್ಕಳಿಲ್ಲದ ದಂಪತಿ ಹೋಗುತ್ತಾರೆ. ಕೊಳದ ಮುಂದೆ ಕೂತು ಗಂಗೆಯನ್ನು ಬೇಡಿದರೆ ನೀರಿನೊಳಗಿಂದ ಹೂವೋ, ಹಣ್ಣೋ, ಬಳೆಯೋ ತೇಲಿ ಬರುವುದೇ ಪ್ರಸಾದವೆಂದು ನಂಬಿಕೆ. ಏನೂ ಬರದಿದ್ದರೆ ಮುಂದಿನ ವರ್ಷ ಮತ್ತೆ ಬರುತ್ತಾರೆ.

ಹೊಳಲ್ಕೆರೆಯ ಬಯಲು ಗಣಪತಿಗೆ ಹಿಂಬದಿಯಲ್ಲಿ ಜಡೆ ಇದೆ. ಮುಂದೆ ಕೈಮುಗಿದು ಹೊರಡುವವರು ಸುತ್ತ ಬಂದು ಬೆನ್ನನ್ನೂ ನೋಡಿ.

ನಾಗರ ಪಂಚಮಿಯ ದಿನ ಹಾಲೆರೆಯುವಾಗ ಇಲ್ಲಿ ಸುಮ್ಮನೆ ಎರೆಯುವುದಿಲ್ಲ. ಅಜ್ಜನ ಪಾಲು, ಅಜ್ಜಿಯ ಪಾಲು, ಅಪ್ಪನ ಪಾಲು, ಅಣ್ಣನ ಪಾಲು ಎಂದು ಒಬ್ಬೊಬ್ಬರ ಹೆಸರಲ್ಲೂ ಒಂದೊಂದು ಹನಿ. ಬೆಂಗಳೂರಿನ ಕಂಪನಿಯಲ್ಲಿ ಇರುವ ಮಗನ ಪಾಲು, ದುಬೈಯಲ್ಲಿ ಇರುವ ಅಳಿಯನ ಪಾಲು ಕೂಡ. ಆ ವರ್ಷ ಮನೆಗೆ ಯಾರು ಹೊಸದಾಗಿ ಸೇರಿದರು ಎಂಬುದು ಆ ಹನಿಗಳಲ್ಲಿ ಲೆಕ್ಕ ಸಿಗುತ್ತದೆ. ಆಮೇಲೆ ಜೋಕಾಲಿ, ಎಳ್ಳುಂಡೆ, ಶೇಂಗಾ ಉಂಡೆ, ತಂಬಿಟ್ಟು.

ದೀಪಾವಳಿ ಎಂದರೆ ಪಟಾಕಿ ಎಂದುಕೊಂಡವರು ಈ ಭಾಗದ ಹಳ್ಳಿಗೆ ಬರಬೇಕು. ಇದು ಹಿರಿಯರ ಹಬ್ಬ. ತೀರಿಕೊಂಡವರಿಗೆಂದು ಹೊಸ ಸೀರೆ, ಪಂಚೆ, ಅಂಗಿ ತಂದು ಕಳಶದ ಮುಂದೆ ಇಡುತ್ತಾರೆ. ಅವರಿಗೆ ಬದುಕಿದ್ದಾಗ ಏನು ಇಷ್ಟವಿತ್ತೋ ಅದೇ ಎಡೆ. ಎಲೆಅಡಿಕೆ ಮೆಲ್ಲುತ್ತಿದ್ದ ಅಜ್ಜಿಗೆ ಎಲೆಅಡಿಕೆ, ಬೀಡಿ ಸೇದುತ್ತಿದ್ದ ಅಜ್ಜನಿಗೆ ಬೀಡಿಯೂ ಸರಿ. ತೀರಿಕೊಂಡವರನ್ನು ಅವರ ಹವ್ಯಾಸಗಳ ಸಮೇತ ನೆನೆಯುವುದಕ್ಕಿಂತ ದೊಡ್ಡ ಪ್ರೀತಿ ನನಗೆ ತಿಳಿದಿಲ್ಲ.

ಪಾಡ್ಯದ ಬೆಳಗ್ಗೆ ಹೊಸ್ತಿಲ ಅಕ್ಕಪಕ್ಕ ಸಗಣಿಯ ಪುಟ್ಟ ಗೋಪುರಗಳು. ಪಾಂಡವರೆಂದು ಕೆಲವರು, ಲಕ್ಕವ್ವ ಎಂದು ಕೆಲವರು. ಉತ್ತರಾಣಿ ಕಡ್ಡಿ, ಹುಚ್ಚೆಳ್ಳಿನ ಹಳದಿ ಹೂ, ಚೆಂಡು ಹೂ ಅವಕ್ಕೆ ಸಿಂಗಾರ.

ಅದೇ ದೀಪಾವಳಿ ತಾಂಡಾಗಳಲ್ಲಿ ಬೇರೆಯೇ. ಅಮಾವಾಸ್ಯೆಯ ರಾತ್ರಿ ಮದುವೆಯಾಗದ ಲಂಬಾಣಿ ಹುಡುಗಿಯರು ಹಣತೆ ಹಿಡಿದು ನಾಯಕನ ಮನೆಯಿಂದ ಶುರುಮಾಡಿ ಪ್ರತಿ ಮನೆಗೂ ಹೋಗಿ ‘ಮೇರಾ’ ಹೇಳಿ ಹರಸುತ್ತಾರೆ. ಮರುದಿನ ಹೂ ತರಲು ಕಾಡಿಗೆ. ಮುಂದಿನ ದೀಪಾವಳಿಯೊಳಗೆ ಮದುವೆ ಗೊತ್ತಾದ ಹುಡುಗಿಗೆ ಇದು ಕೊನೆಯ ಮೇರಾ. ಗೆಳತಿಯರು ಅವಳನ್ನು ತಬ್ಬಿ ಅಳುತ್ತಾರೆ, ನಂತರ ಕುಣಿಯುತ್ತಾರೆ.

ಮೊಹರಮ್ಮನ್ನು ದುರ್ಗದ ಹಳ್ಳಿಗಳಲ್ಲಿ ಬಾಬಯ್ಯನ ಹಬ್ಬ ಎನ್ನುತ್ತಾರೆ. ಮುಸ್ಲಿಂ ಮನೆಯೇ ಇಲ್ಲದ ಊರಲ್ಲೂ ಅಲಾವಿಗೆ ಗುಂಡಿ ತೋಡುವವರಿದ್ದಾರೆ, ಸಕ್ಕರೆ ಓದಿಸುವವರಿದ್ದಾರೆ.

ಮ್ಯಾಸಬೇಡರ ಹಟ್ಟಿಗಳಲ್ಲಿ ಸಾಂಪ್ರದಾಯಿಕವಾಗಿ ಕೋಳಿ ಸಾಕುವುದಿಲ್ಲ, ತಿನ್ನುವುದೂ ಇಲ್ಲ. ಅವರ ದೇವರ ಎತ್ತುಗಳಿಗೆ ನೊಗ ಹೂಡುವುದಿಲ್ಲ, ಸಂತೆಗೆ ಹೊಡೆಯುವುದಿಲ್ಲ. ಅವನ್ನು ಮೇಯಿಸುವ ಕಿಲಾರಿ ವರ್ಷದ ಬಹುಪಾಲು ಬಯಲಲ್ಲೇ ಕಳೆಯುತ್ತಾನೆ. ಎತ್ತು ಸತ್ತರೆ ಮನೆಯ ಹಿರಿಯರಿಗೆ ಮಾಡುವಂತೆ ಮಣ್ಣು ಮಾಡುತ್ತಾರೆ. ಬರ ಬಂದ ವರ್ಷ ತಮ್ಮ ಹೊಟ್ಟೆಗಿಂತ ಮೊದಲು ಈ ಎತ್ತುಗಳ ಮೇವಿನ ಚಿಂತೆ.

ಓದುಬರಹ ಬಾರದ ಹೆಣ್ಣುಮಗಳೊಬ್ಬಳು ನಾಡೋಜ ಆದದ್ದು ಗೊತ್ತೇ? ಚಳ್ಳಕೆರೆ ತಾಲ್ಲೂಕಿನ ಗೊಲ್ಲರಹಟ್ಟಿಯ ಸಿರಿಯಜ್ಜಿಗೆ ಸಾವಿರಾರು ಪದಗಳು ಬಾಯಿಪಾಠ. ಮದುವೆ, ತೊಟ್ಟಿಲು, ಬೀಸುವುದು, ಕುಟ್ಟುವುದು, ದೇವರು, ದುಃಖ ಎಲ್ಲಕ್ಕೂ ಆಕೆಯ ಬಳಿ ಪದವಿತ್ತು. ಹಂಪಿ ಕನ್ನಡ ವಿಶ್ವವಿದ್ಯಾಲಯ ಆಕೆಯನ್ನು ಗೌರವಿಸಿತು. ಒಂದು ಕುಲದ ಸಂಸಾರದ ನೆನಪೆಲ್ಲ ಒಬ್ಬಳ ಕಂಠದಲ್ಲಿ ಇತ್ತು.

ಅಂಥ ಹಟ್ಟಿಗಳಲ್ಲೇ ಇನ್ನೊಂದು ರೂಢಿಯೂ ಇದೆ, ಅದನ್ನು ಮುಚ್ಚಿಡಲಾರೆ. ಮುಟ್ಟಾದವಳು ಮತ್ತು ಹಸಿ ಬಾಣಂತಿ ಕೂಸಿನೊಂದಿಗೆ ಹಟ್ಟಿಯ ಹೊರಗೆ ಇರಬೇಕು. ಮಳೆಯೋ ಚಳಿಯೋ ಹಾವೋ, ಗುಡಿಸಲೇ ಗತಿ. 2023ರ ಜುಲೈಯಲ್ಲಿ ಪಕ್ಕದ ತುಮಕೂರು ಜಿಲ್ಲೆಯ ಗೊಲ್ಲರಹಟ್ಟಿಯೊಂದರಲ್ಲಿ ಹೀಗೆ ಹೊರಗಿಟ್ಟ ಹಸುಗೂಸು ತೀರಿಕೊಂಡಿತು. ಹೀಗೆ ಒತ್ತಾಯದಿಂದ ಹೊರಗಿಡುವುದು ರಾಜ್ಯದ 2017ರ ಅಮಾನವೀಯ ಪದ್ಧತಿಗಳ ತಡೆ ಕಾಯ್ದೆಯಂತೆ ಅಪರಾಧ. ಸರ್ಕಾರ ಕಟ್ಟಿದ ಕೃಷ್ಣಕುಟೀರಗಳು ತಲೆಯ ಮೇಲೆ ಸೂರು ಕೊಟ್ಟವು, ಹೊರಗಿಡುವುದನ್ನು ನಿಲ್ಲಿಸಲಿಲ್ಲ. ಹಟ್ಟಿಯ ಓದಿದ ಹೆಣ್ಣುಮಕ್ಕಳೇ ಈಗ ಮನೆಯೊಳಗೆ ಕೂರುವ ಹಟ ಹಿಡಿದರೆ ಅವರ ಬೆನ್ನಿಗೆ ನಿಲ್ಲಬೇಕಾದ್ದು ಎಲ್ಲರ ಕೆಲಸ. ಎತ್ತಿಗೆ, ಕೆರೆಗೆ, ಚಂದ್ರನಿಗೆ ಮನೆಯಲ್ಲಿ ಪಾಲು ಕೊಟ್ಟ ಸೀಮೆ ಬಾಣಂತಿಗೆ ಬಾಗಿಲು ಹಾಕಬಾರದು.

ಅಣ್ಣತಮ್ಮಂದಿರ ಹೊಲದ ಬದುವಿನ ಜಗಳ, ಗಂಡಹೆಂಡಿರ ಮುನಿಸು, ಮುದಿ ತಂದೆಗೆ ಅನ್ನ ಹಾಕುವ ತಕರಾರು ಇವೆಲ್ಲ ಭರಮಸಾಗರದ ಹತ್ತಿರದ ಸಿರಿಗೆರೆಯಲ್ಲಿ ಸೋಮವಾರ ಸೋಮವಾರ ವಿಚಾರಣೆಗೆ ಬರುತ್ತವೆ. ತರಳಬಾಳು ಬೃಹನ್ಮಠದ ಸದ್ಧರ್ಮ ನ್ಯಾಯಪೀಠ ಅದು. ವಕೀಲರ ಫೀಜಿಲ್ಲ; ಎರಡೂ ಕಡೆಯವರು ಎದುರುಬದುರು ನಿಂತು ತಮ್ಮ ಮಾತಿನಲ್ಲೇ ಹೇಳಬೇಕು. ಕೇಳಿ ತೀರ್ಮಾನ ಹೇಳುವ ಡಾ. ಶಿವಮೂರ್ತಿ ಶಿವಾಚಾರ್ಯ ಸ್ವಾಮೀಜಿ ಪಾಣಿನಿಯ ವ್ಯಾಕರಣಕ್ಕೆ ‘ಗಣಕಾಷ್ಟಾಧ್ಯಾಯಿ’ ಎಂಬ ತಂತ್ರಾಂಶ ಮಾಡಿದವರೂ ಹೌದು.

ಅದೇ ಮಠದ ತರಳಬಾಳು ಹುಣ್ಣಿಮೆ 1950ರಲ್ಲಿ ಜಗಳೂರಿನಲ್ಲಿ ಶುರುವಾಗಿ ವರ್ಷಕ್ಕೊಂದು ಊರಿಗೆ ತಿರುಗುತ್ತದೆ. 2025ರ ಫೆಬ್ರುವರಿಯಲ್ಲಿ ಸರದಿ ಭರಮಸಾಗರದ್ದಾಗಿತ್ತು. ಒಂಬತ್ತು ದಿನ ಊರಿನ ಮನೆಗಳಲ್ಲಿ ನೆಂಟರೋ ನೆಂಟರು.

ಇನ್ನು ಸಾಣೇಹಳ್ಳಿ. ಹೊಸದುರ್ಗ ತಾಲ್ಲೂಕಿನ ಈ ಹಳ್ಳಿಯಿಂದ 1997ರಿಂದ ‘ಶಿವಸಂಚಾರ’ ತಂಡ ನಾಟಕಗಳನ್ನು ಹೊತ್ತು ಊರೂರು ಸುತ್ತುತ್ತಿದೆ. ನವೆಂಬರಿನ ನಾಟಕೋತ್ಸವಕ್ಕೆ ಸುತ್ತಲಿನ ಹಳ್ಳಿಗಳಿಂದ ಅಜ್ಜಿ, ಸೊಸೆ, ಕೂಸು ಸಮೇತ ಜನ ಬಂದು ಬಯಲು ರಂಗಮಂದಿರದ ಮೆಟ್ಟಿಲುಗಳ ಮೇಲೆ ಕೂರುತ್ತಾರೆ. ಚಳಿಗೆ ಕಂಬಳಿ ತರಲು ಮರೆಯಬೇಡಿ.